ನೀರಿನಡಿಯ ರೊಟ್ಟಿ ಸಪ್ಪಳ

ದೆವ್ವ, ಗಾಳಿ ಸೋಕುವುದು, ಸತ್ತವರು ಕರೆಯುವುದು, ಇವು ಯಾವುದನ್ನೂ ನಾನು ನಂಬಿದವಳಲ್ಲ. ಪ್ರೌಢಶಾಲೆಯಲ್ಲಿ ಬಹಳ ವರ್ಷ ವಿಜ್ಞಾನ ಕಲಿಸಿದ್ದೇನೆ. ಉರಿಯುವ ಕರ್ಪೂರವನ್ನು ನಾಲಿಗೆಯ ಮೇಲಿಟ್ಟುಕೊಂಡು, ಇದರಲ್ಲಿ ಪವಾಡವೇನೂ ಇಲ್ಲ ಎಂದು ಮಕ್ಕಳಿಗೆ ತೋರಿಸಿದವಳು ನಾನು. ಯಾರಾದರೂ ತಮಗಾದ ವಿಚಿತ್ರ ಅನುಭವ ಹೇಳಿದರೆ ಎದುರಿಗೆ ತಲೆಯಾಡಿಸಿ, ಮನೆಗೆ ಬಂದು ನಕ್ಕಿದ್ದೂ ಉಂಟು. ಈಗ ನನ್ನ ಸರದಿ. ನೀವು ನಕ್ಕರೆ ನನಗೆ ಬೇಸರವಿಲ್ಲ. ಆದದ್ದನ್ನು ಆದ ಹಾಗೆ ಹೇಳುತ್ತೇನೆ, ಅಷ್ಟೇ.

ನಿವೃತ್ತಿಯಾದ ಮೇಲೆ ಗದಗಿಗೆ ಅಂಟಿಕೊಂಡ ಬೆಟಗೇರಿಯ ನಮ್ಮ ಮನೆಯಲ್ಲಿ ಅಡುಗೆ ತರಗತಿ ಶುರು ಮಾಡಿದ್ದೆ. ಒಂದು ಸಲ ನಾದಿನಿಯ ಜೊತೆ ವಿಯೆಟ್ನಾಂ ಪ್ರವಾಸಕ್ಕೆ ಹೋದೆ. ಅಲ್ಲಿ ಹೋಯಿ ಆನ್ ಎಂಬ ಊರಿನಲ್ಲಿ ಪ್ರವಾಸಿಗರಿಗಾಗಿ ಅಡುಗೆ ಕಲಿಸುತ್ತಾರೆ. ಮೊದಲು ದೋಣಿಯಲ್ಲಿ ಸುತ್ತಾಡಿಸಿ, ಆಮೇಲೆ ಒಲೆಯ ಮುಂದೆ ನಿಲ್ಲಿಸುವುದು ಅಲ್ಲಿಯ ಪದ್ಧತಿ. ದೋಣಿ ನೋಡಿ ನಾನು ಅಲ್ಲೇ ನಿಂತುಬಿಟ್ಟೆ. ಬಿದಿರಿನಿಂದ ಹೆಣೆದ ದುಂಡನೆಯ ಬುಟ್ಟಿ. ತುಂಗಭದ್ರೆಯ ದಂಡೆಯಲ್ಲಿ ಬೋರಲು ಹಾಕಿರುತ್ತಾರಲ್ಲ, ಅದೇ ಹರಿಗೋಲು! ಎಲೆಯ ಚೂಪು ಟೋಪಿ ಹಾಕಿಕೊಂಡ ಮುದುಕಿಯೊಬ್ಬಳು ನೀರಿನಲ್ಲೇ ಬೆಳೆಯುವ ಗಿಡ್ಡ ತೆಂಗಿನ ಪೊದೆಗಳ ನಡುವೆ ನಮ್ಮನ್ನು ಸುತ್ತಾಡಿಸಿದಳು. ಆಮೇಲೆ ಅಕ್ಕಿಯ ತೆಳು ಹಾಳೆಯನ್ನು ನೀರಲ್ಲಿ ಅದ್ದಿ, ಅದರೊಳಗೆ ಶಾವಿಗೆ, ಸೊಪ್ಪು, ಸೌತೆಕಾಯಿ ಇಟ್ಟು ಸುರುಳಿ ಸುತ್ತುವುದನ್ನು ಕಲಿಸಿದರು. ಮೀನು ತಿನ್ನದವರಿಗೆ ಬೇರೆಯಾಗಿ ಮಾಡಿಕೊಟ್ಟರು. ಅದ್ದಿಕೊಳ್ಳಲು ಹುರಿದ ಶೇಂಗಾ ಅರೆದು ಮಾಡಿದ ಗೊಜ್ಜು.

ಊರಿಗೆ ಬಂದು ಇದನ್ನೆಲ್ಲ ವರ್ಣಿಸಿದಾಗ ನನ್ನ ತರಗತಿಯ ಗಿರಿಜಾ ಸುಮ್ಮನಿರಲಿಲ್ಲ. ಆಕೆ ಗದಗಿನಲ್ಲಿ ಶೇಂಗಾ ಚಟ್ನಿ ಮಾಡಿ ಅಂಗಡಿಗಳಿಗೆ ಹಾಕುವ ಗಟ್ಟಿ ಹೆಂಗಸು. "ಟೀಚರ್ರ, ಶೇಂಗಾ ನಮ್ಮಲ್ಲೇ ಐತಿ, ಹೊಳಿ ನಮ್ಮಲ್ಲೇ ಐತಿ, ಹರಗೋಲ ನಮ್ಮಲ್ಲೇ ಐತಿ. ಅಷ್ಟ ದೂರ ಯಾಕ ಹೋಗಬೇಕ್ರಿ? ಮುಂಡರಗಿ ಆಚೆ ಹೊಳಿ ದಂಡಿಗೆ ಹೋಗೂಣು" ಎಂದಳು. ಎಂಟು ಜನ ಹೆಸರು ಕೊಟ್ಟರು. ಎಂಟನೆಯವಳು ಹೊಸಬಳು, ಮಮತಾಜ್. ಶಿರಹಟ್ಟಿಯಲ್ಲಿ ಹೊಲಿಗೆ ಕೆಲಸ ಮಾಡುವವಳು, ನಲವತ್ತರ ಆಸುಪಾಸು. ಫೋನಿನಲ್ಲಿ ಅವಳು ಕೇಳಿದ್ದು ಒಂದೇ ಮಾತು: "ಹರಗೋಲದಾಗ ಕುಂಡ್ರಸ್ತೀರೇನ್ರಿ? ಖರೆನ?" ಅಡುಗೆಯ ಬಗ್ಗೆ ಏನೂ ಕೇಳಲಿಲ್ಲ. ನನಗೆ ಆಗ ಅದು ವಿಶೇಷವೆನಿಸಲಿಲ್ಲ.

ಸಂಕ್ರಾಂತಿ ಕಳೆದು ಒಂದೆರಡು ವಾರವಾಗಿತ್ತು. ಕೆಳಗೆ ಬ್ಯಾರೇಜು ಕಟ್ಟಿದ ಮೇಲೆ ಅಲ್ಲಿ ಹೊಳೆ ಹೊಳೆಯಾಗಿ ಉಳಿದಿಲ್ಲ, ಕೆರೆಯ ಹಾಗೆ ಹರಡಿಕೊಂಡು ನಿಂತಿರುತ್ತದೆ. ದಂಡೆಯ ಮೇಲೆ ಬೇವಿನ ಗಿಡದ ನೆರಳಿನಲ್ಲಿ ಗ್ಯಾಸಿನ ಒಲೆ ಇಟ್ಟು, ಚಾಪೆ ಹಾಸಿ, ಮಧ್ಯಾಹ್ನವೆಲ್ಲ ತರಕಾರಿ ಹೆಚ್ಚಿದೆವು. ಅಕ್ಕಿ ಹಾಳೆ ಅದ್ದುವಾಗ ಹರಿದು ಹೋಗಿ ಎಲ್ಲರೂ ನಕ್ಕಿದ್ದೇ ನಕ್ಕಿದ್ದು. ಮಮತಾಜ್ ಮಾತ್ರ ಮೊದಲ ಸಲಕ್ಕೇ ಹರಿಯದಂತೆ ಸುತ್ತಿದಳು. ಹೊಗಳಿದೆ. ಅವಳು ಕೇಳಿಸಿಕೊಳ್ಳಲಿಲ್ಲ. ಅವಳ ಕಣ್ಣು ನೀರಿನ ಮೇಲಿತ್ತು.

ನಾಲ್ಕು ಗಂಟೆಯ ಹೊತ್ತಿಗೆ ಹರಿಗೋಲಿನ ಹಾಲಪ್ಪ ಬಂದ. ಅರವತ್ತು ದಾಟಿದ ಅಂಬಿಗ, ಮಾತು ಕಡಿಮೆ. ಎಲ್ಲರನ್ನೂ ಒಮ್ಮೆಗೇ ಒಯ್ಯಲಾಗದು, ಎರಡು ಸಲ ಮಾಡೋಣ ಎಂದ. ಮೊದಲ ಸಲ ಆರು ಜನ ಹೋಗಿ, ಕೂಗಾಡಿ, ಫೋಟೋ ತೆಗೆಸಿಕೊಂಡು ಬಂದರು. ಎರಡನೆಯ ಸಲ ಉಳಿದದ್ದು ಗಿರಿಜಾ, ಮಮತಾಜ್ ಮತ್ತು ನಾನು.

ಸ್ವಲ್ಪ ದೂರ ಹೋದ ಮೇಲೆ ಮಮತಾಜ್ ಹಾಲಪ್ಪನಿಗೆ, "ಕಾಕಾ, ಇನ್ನ ಸ್ವಲ್ಪ ಬಲಕ್ಕ ಹೋಗ್ರಿ. ಅಲ್ಲಿ, ಆ ಒಣಾ ಜಾಲಿಗಿಡ ನೀರಾಗ ನಿಂತೈತಲ್ಲ, ಅದರ ಆಚೆ" ಎಂದಳು. ಹಾಲಪ್ಪ ಹುಟ್ಟು ಹಾಕುವುದನ್ನು ನಿಲ್ಲಿಸಿ ಅವಳ ಮುಖ ನೋಡಿದ. "ನೀ ಆ ಊರಾಕಿ ಏನು, ತಂಗಿ?" ಎಂದು ಕೇಳಿದ. ಅವಳು ಹೌದೆಂದು ತಲೆಯಾಡಿಸಿದಳು.

ಬ್ಯಾರೇಜಿಗೆ ನೀರು ನಿಲ್ಲಿಸಿದಾಗ ಅಲ್ಲೊಂದು ಊರು ಮುಳುಗಿತ್ತು, ಅದೇ ಅವಳ ತವರು ಎಂದು ನಮಗೆ ಗೊತ್ತಾದದ್ದು ಆಗಲೇ. ಜನರಿಗೆಲ್ಲ ದಿಬ್ಬದ ಮೇಲೆ ಹೊಸ ಊರು ಕಟ್ಟಿಕೊಟ್ಟಿದ್ದರು. ಮನೆಯ ಬಾಗಿಲು, ತೊಲೆ, ಒರಳು ಎಲ್ಲ ಕಿತ್ತು ಒಯ್ದಿದ್ದರಂತೆ. ಆದರೆ ಅವಳ ತಾಯಿಯ ಗೋರಿ ಅಲ್ಲೇ ಉಳಿಯಿತು. ನೀರು ಬಂದ ದಿನ ಮಮತಾಜ್ ಬಾಣಂತಿ, ಬರಲಾಗಲಿಲ್ಲ. ಆಮೇಲೆ ಬರಲು ಊರೇ ಇರಲಿಲ್ಲ. "ಅವ್ವಗ ಒಂದ್ ಮಾತು ಹೇಳಲಾರದ ಬಿಟ್ಟಬಿಟ್ಟೆನ್ರಿ, ಟೀಚರ್ರ. ಹರಗೋಲ ಅಂದಿದ್ದಕ್ಕ ನಾ ನಿಮ್ಮ ಕ್ಲಾಸಿಗೆ ಬಂದೆ" ಎಂದಳು. ಅಳಲಿಲ್ಲ. ತಾಯಿಯ ವಿಷಯ ಹೇಳುತ್ತ ಸ್ವಲ್ಪ ನಕ್ಕಳು ಕೂಡ. ಊರಲ್ಲಿ ಯಾರ ಮನೆಯಲ್ಲಿ ಮದುವೆಯಾದರೂ ರೊಟ್ಟಿ ಬಡಿಯಲು ಅವಳ ತಾಯಿಯನ್ನೇ ಕರೆಯುತ್ತಿದ್ದರಂತೆ. ಹಿಂದೊಮ್ಮೆ ಚಕ್ಕಡಿ ಗಾಡಿಯಿಂದ ಬಿದ್ದು ಮುರಿದ ಮಣಿಕಟ್ಟು ನೆಟ್ಟಗೆ ಕೂಡಿರಲಿಲ್ಲ. ಹಾಗಾಗಿ ನಾಲ್ಕು ಸಲ ಬಡಿದು, ಒಂದು ಕ್ಷಣ ತಡೆದು, ಮತ್ತೆ ಎರಡು ಸಲ ಮೆಲ್ಲಗೆ. ಓಣಿಯಲ್ಲಿ ಹೋಗುವವರು ಸಪ್ಪಳ ಕೇಳಿಯೇ ಆಕೆ ಇಂದು ಯಾರ ಮನೆಯಲ್ಲಿದ್ದಾಳೆ ಎಂದು ಹೇಳುತ್ತಿದ್ದರಂತೆ.

ಜಾಲಿಗಿಡ ದಾಟಿದೆವು. ಗಾಳಿ ಇರಲಿಲ್ಲ. ಬಿಸಿಲು ಇಳಿದಿತ್ತಾದರೂ ಬೆಳಕು ಚೆನ್ನಾಗಿತ್ತು, ದಂಡೆಯ ಮೇಲಿನ ನಮ್ಮವರ ಸೀರೆಯ ಬಣ್ಣ ಕಾಣುತ್ತಿತ್ತು. ಹಾಲಪ್ಪ ಹುಟ್ಟನ್ನು ಮೊಳಕಾಲ ಮೇಲಿಟ್ಟು ಕುಳಿತ. ಮಮತಾಜ್ ಸೆರಗು ತಲೆಯ ಮೇಲೆ ಹೊದ್ದು, ಅಂಗೈಗಳನ್ನು ಮುಂದೆ ಹಿಡಿದು ಪ್ರಾರ್ಥನೆ ಮಾಡಿದಳು. ಅವಳಿಗೆ ಮುಜುಗರವಾಗಬಾರದೆಂದು ನಾನು ಬೇರೆ ಕಡೆ ನೋಡುತ್ತ, ಸಮತೋಲಕ್ಕಾಗಿ ಹರಿಗೋಲಿನ ತಳಕ್ಕೆ ಕೈ ಊರಿದ್ದೆ.

ಮೊದಲು ತಿಳಿದದ್ದು ಕೈಗೆ. ಕಿವಿಗೆ ಆಮೇಲೆ. ತಪ್ ತಪ್ ತಪ್ ತಪ್. ಸ್ವಲ್ಪ ತಡೆ. ಮತ್ತೆ ಎರಡು, ಮೆಲ್ಲಗೆ. ಅಲೆ ತಾಗುತ್ತಿದೆ ಎಂದುಕೊಂಡೆ. ಆದರೆ ನೀರು ಕನ್ನಡಿಯ ಹಾಗೆ ನಿಂತಿತ್ತು. ತಪ್ ತಪ್ ತಪ್ ತಪ್. ತಡೆ. ತಪ್ ತಪ್. ದೂರದಿಂದ ಬಂದಂತೆ, ಆದರೆ ನೇರ ನಮ್ಮ ಕೆಳಗಿನಿಂದ. ಗಿರಿಜಾ ನನ್ನ ತೋಳು ಹಿಡಿದಳು. ಅವಳ ಉಗುರು ಚುಚ್ಚಿದ್ದು ನೆನಪಿದೆ. ಬಹುಶಃ ಅದರಿಂದಲೇ, ಅವಳಿಗೂ ಕೇಳಿಸುತ್ತಿದೆ ಎಂದು ನನಗೆ ಖಾತ್ರಿಯಾಯಿತು.

ಮಮತಾಜ್ ಕೈ ಕೆಳಗಿಳಿಸಿದಳು. ಮುಖದಲ್ಲಿ ಅಂಜಿಕೆ ಇರಲಿಲ್ಲ. ಬಗ್ಗಿ, ಹರಿಗೋಲಿನ ಅಂಚಿನಾಚೆ ಕೈ ಚಾಚಿ, ನೀರನ್ನು ಮುಟ್ಟಹೋದಳು. ಅವಳ ಭಾರಕ್ಕೆ ಹರಿಗೋಲು ವಾಲಿತು. "ತಂಗೀ, ಕೈ ಒಳಗ ತಗೋ!" ಎಂದು ಹಾಲಪ್ಪ ಕೂಗಿ ಹುಟ್ಟು ಹಾಕಿದ. ಹರಿಗೋಲು ಮುಂದೆ ಸರಿಯಲಿಲ್ಲ, ನಿಂತಲ್ಲೇ ತಿರುಗಿತು. ಅವನು ಬಲ ಹಾಕಿದಷ್ಟೂ ತಿರುಗಿತು. ಹುಟ್ಟಿನ ರಭಸಕ್ಕೆ ನೀರು ಹಾರಿ ನಮ್ಮ ಸೀರೆ ನೆನೆದವು. ಆ ಗದ್ದಲದಲ್ಲೂ ಕೆಳಗಿನ ಬಡಿತ ಒಂದೂ ತಪ್ಪದೆ ನಡೆದೇ ಇತ್ತು. ವಿಯೆಟ್ನಾಮಿನಲ್ಲಿ ಆ ಮುದುಕಿ ಆಟಕ್ಕೆಂದು ಬುಟ್ಟಿದೋಣಿಯನ್ನು ಗರಗರ ತಿರುಗಿಸಿದಾಗ ನಾನು ಮಕ್ಕಳಂತೆ ಕೇಕೆ ಹಾಕಿದ್ದೆ. ಇಲ್ಲಿ ಎರಡೂ ಕೈಯಿಂದ ಹರಿಗೋಲಿನ ಅಂಚು ಹಿಡಿದುಕೊಂಡೆ.

ಹಾಲಪ್ಪ ಕೊನೆಗೆ ಹುಟ್ಟು ಎತ್ತಿಬಿಟ್ಟ. ಬೆವತಿದ್ದ. ಮಮತಾಜಳಿಗೆ ಮೆಲ್ಲಗೆ, "ತಂಗೀ, ಹೇಳಿ ಬಿಡು. ಹೇಳದ ಹೋದ್ರ ಬಿಡಾಂಗಿಲ್ಲ. ಆದ್ರ ಬರ್ತೀನಿ ಅಂತ ಮಾತ್ರ ಅನಬ್ಯಾಡ. ಹೋಗ್ತೀನಿ ಅನ್ನು" ಎಂದ.

ನಮ್ಮ ಕಡೆ ಯಾರ ಮನೆಯಿಂದ ಹೊರಟರೂ 'ಹೋಗ್ತೀನಿ' ಎನ್ನುವುದಿಲ್ಲ. ಅದು ಸಾವಿನ ಮನೆಯ ಮಾತು. 'ಬರ್ತೀನಿ' ಎಂದೇ ಹೇಳಬೇಕು. ತಾಯಿಗೆ 'ಹೋಗ್ತೀನಿ' ಎನ್ನುವುದಕ್ಕೆ ಯಾವ ಮಗಳಿಗೆ ಬಾಯಿ ಬಂದೀತು? ಆಮೇಲೆ ಸ್ಪಷ್ಟವಾಗಿ, ಹೆಂಗಸಿನ ದನಿಯೊಂದು ಕೇಳಿಸಿತು: "ಬರ್ತೀನವ್ವಾ."

"ಯಾಕ ಹಂಗಂದ್ರಿ!" ಎಂದು ಹಾಲಪ್ಪ ಚೀರಿದ. ಬಡಿತ ನಿಂತಿತು. ಹರಿಗೋಲು ಒಮ್ಮೆ ಕುಲುಕಿ, ಯಾರೋ ಕೈ ಬಿಟ್ಟ ಹಾಗೆ ಸರಕ್ಕನೆ ದಂಡೆಯ ಕಡೆ ಸರಿಯಿತು.

ದಂಡೆಯಲ್ಲಿದ್ದವರು ನಮ್ಮ ನೆನೆದ ಸೀರೆ ನೋಡಿ ಚೇಷ್ಟೆ ಮಾಡಿದರು. ಅವರಿಗೆ ಏನೂ ಕೇಳಿಸಿರಲಿಲ್ಲ. ಸುರುಳಿಗಳನ್ನು ತಟ್ಟೆಗೆ ಹಾಕಿ ಎಲ್ಲರಿಗೂ ಕೊಟ್ಟೆ, ನಾನೂ ತಿಂದೆ. ರುಚಿ ತಿಳಿಯಲಿಲ್ಲ. ಹಾಲಪ್ಪನಿಗೂ ಒಂದು ತಟ್ಟೆ ಒಯ್ದು ಮುಂದೆ ಹಿಡಿದು, ಅದೇನು ಸಪ್ಪಳ ಎಂದು ಕೇಳಿದೆ. ಅವನು ತಟ್ಟೆ ತೆಗೆದುಕೊಳ್ಳಲಿಲ್ಲ. "ನಾ ಏನೂ ಕೇಳಿಲ್ರಿ ಯಕ್ಕಾರ. ಜಲ್ದಿ ಊರಿಗೆ ಹೋಗ್ರಿ" ಎಂದು ಹರಿಗೋಲು ಬೋರಲು ಹಾಕಿ ಹೊರಟುಹೋದ. ನನ್ನ ಮುಖ ಮಾತ್ರ ನೋಡಲಿಲ್ಲ.

ವಿಜ್ಞಾನ ಓದಿದವಳಾದ್ದರಿಂದ ಆಮೇಲೆ ಎಷ್ಟೋ ಕಾರಣ ಹುಡುಕಿದೆ. ಆಚೆ ದಂಡೆಯಲ್ಲಿ ಪಂಪ್‌ಸೆಟ್ಟು ನಡೆದಿರಬೇಕು, ನೀರು ಸದ್ದನ್ನು ಬಹು ದೂರ ಒಯ್ಯುತ್ತದೆ ಎಂದುಕೊಂಡೆ. ಆ ಹೊತ್ತಿಗೆ ಕರೆಂಟ್ ಇರಲಿಲ್ಲ ಎಂದು ಹತ್ತಿರದ ಊರಿನವರೇ ಹೇಳಿದರು. ನೀರಿನಲ್ಲಿ ನಿಂತ ಕೊಂಬೆ ತಳಕ್ಕೆ ಬಡಿದಿರಬೇಕು ಎಂದುಕೊಂಡೆ. ಕೊಂಬೆ ನಾಲ್ಕು ಬಡಿದು, ತಡೆದು, ಎರಡು ಬಡಿಯುತ್ತದೆಯೆ? ಮಮತಾಜ್ ಹೇಳಿದ ಕತೆ ಕಿವಿಯಲ್ಲಿತ್ತು, ಅದಕ್ಕೇ ಹಾಗೆ ಕೇಳಿಸಿತು ಎಂಬುದು ಇದ್ದುದರಲ್ಲಿ ಒಳ್ಳೆಯ ಕಾರಣ. ಕೆಲವು ತಿಂಗಳು ಅದನ್ನೇ ಹಿಡಿದುಕೊಂಡು ನೆಮ್ಮದಿಯಾಗಿದ್ದೆ.

ಆದರೂ ಮಮತಾಜಳ ಚಿಂತೆ ಕಾಡುತ್ತಿತ್ತು. ಬರ್ತೀನಿ ಎಂದು ಮಾತು ಕೊಟ್ಟುಬಿಟ್ಟಿದ್ದಾಳೆ, ಮನಸ್ಸಿಗೆ ಹಚ್ಚಿಕೊಂಡು ಏನಾದರೂ ಮಾಡಿಕೊಂಡಾಳು ಎಂಬ ಹೆದರಿಕೆ. ಕೊನೆಗೊಂದು ದಿನ ಶಿರಹಟ್ಟಿಗೆ ಹೋದೆ. ಅಂಗಡಿಯಲ್ಲಿ ಕುಪ್ಪಸ ಹೊಲಿಯುತ್ತಿದ್ದಳು, ಮೊದಲಿಗಿಂತ ಗೆಲುವಾಗಿದ್ದಳು. ಚಹಾ ತರಿಸಿದಳು. ನಾನು ಸುತ್ತಿ ಬಳಸಿ, "ಅವತ್ತು ನೀನು ಹಾಗೆ ಹೇಳಿದ್ದನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಡ" ಎಂದೆ.

ಮಮತಾಜ್ ಮಷಿನ್ ನಿಲ್ಲಿಸಿದಳು. "ನಾ ಏನ ಹೇಳಿದೆನ್ರಿ? ಹೋಗ್ತೀನಿ ಅನ್ನಾಕ ಬಾಯಿ ಬರಲಿಲ್ಲ. ಬರ್ತೀನಿ ಅನ್ನಾಕ ಅಂಜಿಕಿ ಆತು, ಮನ್ಯಾಗ ಸಣ್ಣ ಮಕ್ಕಳದಾವು. ಸುಮ್ನ ಕುಂತೆ" ಎಂದಳು. ಸೂಜಿಯಡಿಯ ಬಟ್ಟೆ ಸರಿಸಿ, "ಅಂದವರು ನೀವರಿ, ಟೀಚರ್ರ" ಎಂದಳು.

ನಾನು ನಕ್ಕೆ. ಗದಗಿಗೆ ಬಂದ ಕೂಡಲೇ ಗಿರಿಜಾಳ ಮನೆಗೆ ಹೋಗಿ ಕೇಳಿದೆ. ಅವಳು, "ನಿಮಗ ನೆನಪಿಲ್ಲಂತ ನನಗ ಗೊತ್ತಿತ್ರಿ. ಅದಕ್ಕ ಆ ಮಾತ ಎತ್ತಲಿಲ್ಲ" ಎಂದಳು. ಹಾಲಪ್ಪನ ಚೀರಾಟ ಆಗ ನೆನಪಾಯಿತು. ಮಮತಾಜಳನ್ನು ಅವನು ಅಲ್ಲಿಯವರೆಗೂ ತಂಗಿ, ನೀನು ಎಂದೇ ಮಾತಾಡಿಸಿದ್ದ. 'ಹಂಗಂದ್ರಿ' ಎಂದದ್ದು ಅವಳಿಗಲ್ಲ.

ನಮ್ಮ ಮನೆಯಲ್ಲಿ ತಾಯಿಯನ್ನು ಅಮ್ಮ ಎನ್ನುವ ರೂಢಿ. ಅವ್ವ ಎಂದು ನಾನು ಯಾರನ್ನೂ ಕರೆದವಳಲ್ಲ. ಆ ದನಿ ನನ್ನ ಕಿವಿಗೆ ಹೊರಗಿನಿಂದ ಬಂದದ್ದು ಇವತ್ತಿಗೂ ನನಗೆ ಅಷ್ಟೇ ಸ್ಪಷ್ಟ. ಇಬ್ಬರು ಹೆಂಗಸರು ಸೇರಿ ನನಗೆ ಸುಳ್ಳು ಹೇಳಲು ಯಾವ ಕಾರಣವೂ ಇಲ್ಲ. ನನ್ನ ಬಾಯಿಂದ ಆ ಮಾತು ಹೊರಟಿದ್ದರೆ ಆಡಿದವರು ಯಾರು, ಅದನ್ನು ಬೇರೆಯವರ ದನಿಯೆಂದು ಕೇಳಿಸಿಕೊಂಡ ನಾನು ಯಾರು, ನನಗೆ ಗೊತ್ತಿಲ್ಲ. ಇದಾಗಿ ಎಷ್ಟೋ ವರ್ಷಗಳಾದವು. ಆ ದಂಡೆಗೆ ನಾನು ಮತ್ತೆ ಹೋಗಿಲ್ಲ. ಎಂದೂ ಬರುವುದಿಲ್ಲ ಎಂದು ಒಮ್ಮೆ ಬಾಯಿಬಿಟ್ಟು ಹೇಳಿಬಿಡೋಣವೆಂದರೆ, ಅದಕ್ಕಾದರೂ ಅಲ್ಲಿಗೇ ಹೋಗಬೇಕಲ್ಲ.