ಮೂರನೆಯ ಕನ್ನಡಿ

ಈ ಬೆಳಿಗ್ಗೆ ಜಗಲಿಯಲ್ಲಿ ಕುಳಿತು ಗಡ್ಡ ಬೋಳಿಸಿಕೊಳ್ಳುತ್ತಿದ್ದಾಗ, ಕನ್ನಡಿಯಿಂದ ಚಿಮ್ಮಿದ ಬಿಸಿಲಿನ ತುಂಡೊಂದು ಎದುರಿನ ಗೋಡೆಯ ಮೇಲೆ ನಡುಗುತ್ತಿತ್ತು. ನೀವಾದರೆ ಬರಿಯ ಬಿಸಿಲೆಂದು ಬಿಟ್ಟುಬಿಡುತ್ತಿದ್ದಿರಿ. ನನಗೆ ಹಾಗೆ ಬಿಡಲು ಬಾರದು. ಅಂಥದೇ ಒಂದು ಬೆಳಕು ನನ್ನದೆಂದು ಎಷ್ಟೋ ವರ್ಷಗಳಿಂದ ಊರವರೊಡನೆ ವಾದಿಸುತ್ತಾ ಬಂದವನು ನಾನು.

ವಾಮದಪದವಿನ ವಿಶ್ವನಾಥ ಏಳನೆಯ ತರಗತಿಯವರೆಗೆ ನನ್ನೊಂದಿಗೆ ಓದಿದವನು. ಆಮೇಲೆ ನಾನು ಬಂಟ್ವಾಳದಲ್ಲಿ ಹೊಲಿಗೆಯಂತ್ರದ ಮುಂದೆ ಕುಳಿತೆ. ಉಳಿದ ವಿದ್ಯೆಯನ್ನು ಗ್ರಂಥಾಲಯದಿಂದ ಹೊತ್ತು ತಂದೆ, ತಂದದ್ದರಲ್ಲಿ ಅರ್ಧವನ್ನು ನಂಬಲಿಲ್ಲ. ಅವನು ಮುಂಬೈಯ ಹೋಟೆಲಿನಲ್ಲಿ ಲೋಟ ತೊಳೆಯುತ್ತ, ಅಲ್ಲಿಗೆ ಚಹಾಕ್ಕೆ ಬರುತ್ತಿದ್ದ ಸ್ಟುಡಿಯೋದವರ ಬೆನ್ನು ಹಿಡಿದು, ಕ್ಯಾಮೆರಾದ ಪೆಟ್ಟಿಗೆ ಹೊತ್ತು, ಕೊನೆಗೆ ಛಾಯಾಗ್ರಾಹಕನೇ ಆದ. ಹಿಂದಿ, ಮಲಯಾಳ, ಕನ್ನಡದಲ್ಲಿ ಲೆಕ್ಕವಿಲ್ಲದಷ್ಟು ಚಿತ್ರಗಳಂತೆ. ‘ಅಂತೆ’ ಎಂಬುದು ನನ್ನ ಸೇರ್ಪಡೆ, ನಾನು ಎಣಿಸಿಲ್ಲ.

ಕಳೆದ ವರ್ಷ ಅವನು ತೀರಿಕೊಂಡ. ಬರುವ ಭಾನುವಾರ ಮೂಡುಬಿದಿರೆಯಲ್ಲಿ ಅವನ ನೆನಪಿನ ಸಭೆ, ನಾನೂ ಮಾತನಾಡಬೇಕು. ಅದಕ್ಕಾಗಿ ಅಚ್ಚಾದ ಪುಸ್ತಿಕೆ ಹೇಳುತ್ತದೆ: ಬಸದಿಯ ಕತ್ತಲಲ್ಲಿ ನಾಯಕಿಯ ಮುಖದ ಮೇಲೆ ನಡುಗುವ ಆ ಪ್ರಸಿದ್ಧ ಬೆಳಕಿಗಾಗಿ ಅವನು ಮೂರು ದಿನ ಸೂರ್ಯನನ್ನು ಕಾದನು.

ಸುಳ್ಳು. ಅದು ಒಂದೇ ಬೆಳಗಿನ ಕೆಲಸ. ಒಳಗೆ ವಿದ್ಯುತ್ ದೀಪ ತರಕೂಡದೆಂಬುದು ಬಸದಿಯವರ ಷರತ್ತು. ಕ್ಷೌರದಂಗಡಿಯ ನಾಲ್ಕು ಕನ್ನಡಿಗಳನ್ನು ಕಂಬಳಿಯಲ್ಲಿ ಸುತ್ತಿ ಬಂಟ್ವಾಳದಿಂದ ಜೀಪಿನಲ್ಲಿ ಒಯ್ದವನು ನಾನೇ. ಅಂಗಳದ ಬಿಸಿಲನ್ನು ಕನ್ನಡಿಯಿಂದ ಕನ್ನಡಿಗೆ ದಾಟಿಸಿ ಬಾಗಿಲೊಳಗೆ ಬಿಡುವುದು ಉಪಾಯ. ಮೂರನೆಯ ಕನ್ನಡಿ ನನ್ನ ಕೈಯಲ್ಲಿ. ವಿಶ್ವನಾಥ ನನ್ನ ಭುಜ ಹಿಡಿದು ಮಾವಿನ ಮರದ ಕೆಳಗೆ ನಿಲ್ಲಿಸಿದ.

“ಇಲ್ಲೇ ಯಾಕೆ? ಅಲ್ಲಿ ಜಾಗ ಉಂಟಲ್ಲ.”

“ಎಲ್ಲದಕ್ಕೂ ನಿನ್ನದೊಂದು ತಕರಾರು. ಅಲುಗಬೇಡ ಮಾರಾಯ, ಅಷ್ಟು ಸಾಕು.”

ಕ್ಯಾಮೆರಾ ಓಡತೊಡಗಿದಾಗ ಕೊಂಬೆಯಿಂದ ಕೆಂಪಿರುವೆಗಳು ನನ್ನ ಕುತ್ತಿಗೆಗೆ ಇಳಿದವು. ಕನ್ನಡಿ ಬಿಡಲಿಲ್ಲ, ಕೈ ಮಾತ್ರ ನಡುಗಿತು. ಮುಗಿದೊಡನೆ ವಿಶ್ವನಾಥ ಓಡಿಬಂದು, ಜೇಬಿನಿಂದ ಸುಣ್ಣದ ಡಬ್ಬಿ ತೆಗೆದು ಕಚ್ಚಿದಲ್ಲೆಲ್ಲ ಹಚ್ಚಿದ.

“ಇನ್ನೊಮ್ಮೆ ತೆಗೆಯುವ,” ಎಂದೆ.

“ಬೇಡ. ಸಾಕು.”

ಮುಂದೆ ವಿಮರ್ಶಕರು ಆ ನಡುಕದಲ್ಲಿ ನಾಯಕಿಯ ಅಂತರಂಗವನ್ನು ಕಂಡರು. ಅದು ನನ್ನ ಕುತ್ತಿಗೆಯ ಉರಿ ಎಂದರೆ ಜನ ನಗುತ್ತಾರೆ. ಬದುಕಿಡೀ ಬೇರೆಯವರ ಅಳತೆಗೆ ಬಟ್ಟೆ ಕತ್ತರಿಸಿದವನಿಗೆ ತನ್ನದೆನ್ನಲು ಒಂದು ತಪ್ಪಾದರೂ ಬೇಡವೇ? ಸಭೆಯಲ್ಲಿ ಅದನ್ನು ಸಾಧಿಸುವ ಹಟದಿಂದ, ಪುರಾವೆ ಹುಡುಕಿ ನಿನ್ನೆ ಬೆಳ್ತಂಗಡಿ ಪಕ್ಕದ ಲಾಯಿಲಕ್ಕೆ, ಅವನ ಮಡದಿ ಸುಮತಿಯಕ್ಕನಲ್ಲಿಗೆ ಹೋದೆ. ಆಕೆ ಅವನ ಚಿತ್ರೀಕರಣದ ಟಿಪ್ಪಣಿ ಪುಸ್ತಕ ತಂದು ಆ ದಿನದ ಪುಟ ತೆರೆದರು. ‘ಮೂರನೆಯ ಕನ್ನಡಿಗೆ ಇವನು. ಇರುವೆಯ ಮರದ ಕೆಳಗೆ. ಹೇಳಬಾರದು, ಹೇಳಿದರೆ ನಡುಗುವಂತೆ ನಟಿಸುತ್ತಾನೆ.’

“ಇದು ಆಮೇಲೆ ಬರೆದದ್ದು, ಹೆಸರು ಬಂದ ಮೇಲೆ,” ಎಂದೆ.

“ತೀರಿಹೋದವರ ಮೇಲೂ ಸಂಶಯವಾ ಅಣ್ಣ? ಇನ್ನು ಅವರೇ ಬಂದು ರುಜು ಹಾಕಬೇಕಾ?” ಆಕೆ ನಕ್ಕು ಎದ್ದರು. “ಕೂತುಕೊಳ್ಳಿ, ಪಕ್ಕದ ಮನೆಯಿಂದ ಎಲೆ ಅಡಿಕೆ ತರ್ತೇನೆ. ಅವರು ಒಂದು ದಿನವೂ ಮುಟ್ಟಿದವರಲ್ಲ. ಈ ಮನೆಯಲ್ಲಿ ಸುಣ್ಣ ಅಂತ ಇದ್ದದ್ದೇ ಇಲ್ಲ.”

ಬೇಡವೆಂದು ಎದ್ದು ಬಂದೆ. ಬೆಳ್ತಂಗಡಿಯಿಂದ ಬಂಟ್ವಾಳದವರೆಗೆ ಬಸ್ಸಿನಲ್ಲಿ ನನ್ನ ಕುತ್ತಿಗೆ ಉರಿಯುತ್ತಲೇ ಇತ್ತು. ಟಿಪ್ಪಣಿಯನ್ನು ಆಮೇಲೆ ಬರೆಯಬಹುದು. ಎಲೆ ಅಡಿಕೆ ಮುಟ್ಟದವನ ಜೇಬಿಗೆ ಸುಣ್ಣದ ಡಬ್ಬಿ ಆಮೇಲೆ ಬರಲಾರದು.

ಮೂರು ದಿನದ ಕತೆ ಸುಳ್ಳೆಂದು ಭಾನುವಾರ ಹೇಳಿಯೇ ಹೇಳುತ್ತೇನೆ. ಆ ಬೆಳಕು ನನ್ನದೆಂದು ಮಾತ್ರ ಇನ್ನು ಹೇಳಲಾರೆ. ಗೋಡೆಯ ಮೇಲಿನ ತುಂಡನ್ನು ನಿಲ್ಲಿಸಲೆಂದು ಕನ್ನಡಿಯನ್ನು ಎರಡೂ ಕೈಯಲ್ಲಿ ಹಿಡಿದೆ. ಇಲ್ಲಿ ಮರವಿಲ್ಲ, ಇರುವೆಯಿಲ್ಲ, ಆದರೂ ನಡುಗಿತು. ಅವನಿದ್ದಿದ್ದರೆ ಇದನ್ನೂ ಸಾಕು ಎನ್ನುತ್ತಿದ್ದ.