ಕೊಲೆ ಕೇಸಿಗೆ ಹೋದ ತೆಂಗಿನಕಾಯಿ ಕತ್ತಿ

ಎಪ್ಪತ್ತರ ದಶಕದ ಕೊನೆಯಲ್ಲಿ ನಾನು ಮುಂಬಯಿ ಹತ್ತಿರದ ಡೊಂಬಿವಲಿಯ ಪ್ರತಿಷ್ಠಿತ ನಾಗರಿಕನಾಗಿದ್ದೆ. ಹಾಗೆಂದು ಪೊಲೀಸರ ಪಂಚನಾಮೆಗಳೇ ಹೇಳುತ್ತವೆ. ನಿಜದಲ್ಲಿ ನಾನು ಸ್ಟೇಷನ್ ಬಳಿಯ ಮಾವನ ಹೋಟೆಲಿನ ಗಲ್ಲೆಯಲ್ಲಿ ಕೂತು ಇಡ್ಲಿ-ವಡೆಯ ಬಿಲ್ಲು ಹರಿಯುತ್ತಿದ್ದೆ. ಪಕ್ಕದಲ್ಲೇ ಪೊಲೀಸ್ ಚೌಕಿ. ಕಳ್ಳಮಾಲೋ ಆಯುಧವೋ ಸಿಕ್ಕಿದರೆ, ಸಿಕ್ಕಿದ್ದನ್ನು ಕಣ್ಣಾರೆ ಕಂಡೆವೆಂದು ಸಹಿ ಹಾಕಲು ಇಬ್ಬರು ಪಂಚರು ಬೇಕು. ಆಗ ಹವಾಲ್ದಾರ ಬಂದು, "ಅಣ್ಣಾ, ಪಾಂಚ್ ಮಿನಿಟ್ ಕಾ ಕಾಮ್ ಹೈ" ಎನ್ನುತ್ತಿದ್ದ. ಪೊಲೀಸರಿಗೆ ಇಲ್ಲ ಎನ್ನಬಾರದು ಎಂಬುದು ನಮ್ಮ ಹೋಟೆಲಿನವರ ಕುಲಧರ್ಮ. ಊರಿನಲ್ಲಿ ಪಂಚನಾಗಬೇಕಾದರೆ ತಲೆ ನರೆಯಬೇಕು. ಇಲ್ಲಿ ಜೇಬಿನಲ್ಲಿ ಪೆನ್ನಿದ್ದರೆ ಸಾಕು. ನನಗೆ ಅದರಲ್ಲಿ ಸ್ವಲ್ಪ ಜಂಭವೂ ಇತ್ತು.

ಒಂದು ದಿನ ಅದೇ ಹವಾಲ್ದಾರ, ಸಾಹೇಬರಿಗೆ ಎಳನೀರು ಕೆತ್ತಬೇಕೆಂದು ನಮ್ಮ ಅಡುಗೆಮನೆಯ ಕತ್ತಿ ಒಯ್ದ. ಉಡುಪಿ ಕಡೆಯ ಕಮ್ಮಾರ ಮಾಡಿದ ಕತ್ತಿ ಅದು. ಮೂತಿ ಬಾಗಿದ್ದು, ಹಿಡಿಗೆ ಹಳೆಯ ಸೈಕಲ್ ಟ್ಯೂಬಿನ ಸುತ್ತು. ಹೋದದ್ದು ಹೋಯಿತು. ಅಡುಗೆಯ ಭಟ್ಟರದು ದಿನಾ ರಗಳೆ.

"ಹೋಗಿ ಕೇಳಿ ಮಾರಾಯ್ರೆ. ನಾನು ಕಾಯಿ ಹಲ್ಲಲ್ಲಿ ಒಡೆಯುದಾ?"

ಪೊಲೀಸರ ಹತ್ತಿರ ಕತ್ತಿ ಕೇಳುವಷ್ಟು ಗಂಡಸ್ತನ ಪ್ರತಿಷ್ಠಿತ ನಾಗರಿಕನಿಗೆ ಇರಲಿಲ್ಲ.

ಅದೇ ವಾರ ಹತ್ತಿರದ ದಿವಾ ಸ್ಟೇಷನ್ ಬಳಿಯ ಚಾಳೊಂದರಲ್ಲಿ, ಸಾಲು ಖೋಲಿಗಳ ವಠಾರದಲ್ಲಿ, ಕೊಲೆಯಾಯಿತು. ಸತ್ತವನ ಖೋಲಿಯಲ್ಲೇ ಇದ್ದ ಕಲಬುರಗಿಯ ಹಮಾಲನೊಬ್ಬನನ್ನು ಹಿಡಿದರು. ಹಿಂದಿನ ದಿನ ಇಬ್ಬರೂ ನಲ್ಲಿಯ ಹತ್ತಿರ ಜಗಳಾಡಿದ್ದರಂತೆ. ದಿವಾದಲ್ಲಿ ನಲ್ಲಿಯ ಹತ್ತಿರ ಜಗಳಾಡಿದವರನ್ನೆಲ್ಲ ಹಿಡಿಯಬೇಕೆಂದರೆ ಠಾಣೆ ಜಿಲ್ಲೆಯ ಜೈಲು ಸಾಲದು. ಅವನು ಮ್ಯಾಜಿಸ್ಟ್ರೇಟರ ಮುಂದೆ ಕೊಲೆ ಒಪ್ಪಿಕೊಂಡ. ವಿಚಾರಣೆ ಶುರುವಾದಾಗ, ಹೊಡೆತಕ್ಕೆ ಹೆದರಿ ಹಾಗೆ ಹೇಳಿದೆನೆಂದು ಮಾತು ಹಿಂತೆಗೆದುಕೊಂಡ. ಹಿಂತೆಗೆದುಕೊಂಡ ಒಪ್ಪಿಗೆಯನ್ನೇ ನಂಬಿ ಶಿಕ್ಷೆ ಕೊಡಲು ಕೋರ್ಟು ಹಿಂಜರಿಯುತ್ತದೆ. ಅದಕ್ಕೆ ಬೆಂಬಲವಾಗಿ ಬೇರೊಂದು ಸಾಕ್ಷ್ಯ ಬೇಕು. ಅದೂ ತಯಾರಿತ್ತು. ಆರೋಪಿ ತಾನೇ ದಾರಿ ತೋರಿಸಿ, ದಿವಾದ ನಾಲಾದ ಕೆಸರಿನಿಂದ ಪಂಚರ ಎದುರು ತೆಗೆದುಕೊಟ್ಟ ಆಯುಧ.

ಪಂಚ ನಾನೇ. ದಿವಾದ ನಾಲಾವನ್ನು ನಾನು ಕಂಡವನಲ್ಲ. ಚೌಕಿಯ ಬೆಂಚಿನ ಮೇಲೆ ಕೂತು, ಅರಗು ಹಾಕಿ ಮುಚ್ಚಿದ ಪೊಟ್ಟಣದ ಪಕ್ಕದಲ್ಲಿ ಸಹಿ ಹಾಕಿ ಬಂದಿದ್ದೆ.

ಠಾಣೆಯ ಸೆಷನ್ಸ್ ಕೋರ್ಟಿನಲ್ಲಿ ಆ ಪೊಟ್ಟಣ ಬಿಚ್ಚಿದರು. ಒಳಗಿದ್ದದ್ದು ನಮ್ಮ ಭಟ್ಟರ ಕತ್ತಿ. ಅದೇ ಬಾಗಿದ ಮೂತಿ, ಅದೇ ಟ್ಯೂಬು. ಕಟಕಟೆಯಲ್ಲಿದ್ದ ಹಮಾಲ ನನ್ನ ಮುಖವನ್ನೇ ನೋಡುತ್ತಿದ್ದ. "ಇದೇನಾ ಆ ಕತ್ತಿ?" ಎಂದು ಸರ್ಕಾರಿ ವಕೀಲರು ಕೇಳಿದರು.

"ಇದೇ," ಎಂದೆ. ನಾನು ಅಂದು ಹೇಳಿದ್ದರಲ್ಲಿ ಸತ್ಯಕ್ಕೆ ಹತ್ತಿರವಾದದ್ದು ಅದೊಂದೇ ಮಾತು.

ಆರೋಪಿಯ ವಕೀಲರು, ಈ ಚೌಕಿಯ ಎಷ್ಟು ಕೇಸುಗಳಲ್ಲಿ ಪಂಚರಾಗಿದ್ದೀರಿ ಎಂದರು. ಲೆಕ್ಕ ಇಟ್ಟಿಲ್ಲ ಎಂದೆ, ಎದೆಯುಬ್ಬಿಸಿ. ಕತ್ತಿಯಲ್ಲಿ ರಕ್ತದ ಕಲೆಯಿಲ್ಲ ಎಂದು ಪ್ರಯೋಗಾಲಯದ ವರದಿ ಹೇಳಿತು. ನಾಲಾದ ನೀರಿನಲ್ಲಿ ತೊಳೆದುಹೋಗಿರಬೇಕು ಎಂದು ಸರ್ಕಾರಿ ವಕೀಲರು ಹೇಳಿದರು. ಹಿಡಿಯ ಸಂದಿಯಲ್ಲಿದ್ದ ತೆಂಗಿನ ನಾರು ಮಾತ್ರ ಯಾವ ನೀರಿಗೂ ಜಗ್ಗದೆ ಅಲ್ಲೇ ಇತ್ತು. ಅದನ್ನು ಯಾರೂ ನೋಡಲಿಲ್ಲ. ನೋಡಿದವನು ಬಾಯಿ ಬಿಡಲಿಲ್ಲ. ಹಮಾಲನಿಗೆ ಜೀವಾವಧಿ ಶಿಕ್ಷೆಯಾಯಿತು.

ಹೈಕೋರ್ಟಿನಲ್ಲಿ ಮೇಲ್ಮನವಿ ವರ್ಷಗಟ್ಟಲೆ ಕೊಳೆಯಿತು. ಅವನ ಹೊಸ ವಕೀಲರು ನಮ್ಮಲ್ಲಿಯೇ ದೋಸೆ ತಿಂದು ಲೋಕಲ್ ರೈಲು ಹಿಡಿಯುತ್ತಿದ್ದರು. ಇವತ್ತು ಹೇಳೋಣ, ನಾಳೆ ಹೇಳೋಣ ಎಂದುಕೊಂಡು ನಾನು ದಿನಾ ಅವರಿಗೆ ಇನ್ನೊಂದು ಸೌಟು ಚಟ್ನಿ ಹಾಕಿಸಿದೆ. ನನಗೆ ನಾಚಿಕೆಯಾಗುತ್ತಿತ್ತು, ಆದರೆ ಅದಕ್ಕಿಂತ ಭಯ ದೊಡ್ಡದಿತ್ತು.

ಕಡೆಗೂ ಅವನು ಬಿಡುಗಡೆಯಾದ. ಎಷ್ಟು ಕೇಸಿಗೆ ಸಹಿ ಹಾಕಿದ್ದೇನೆಂದು ತನಗೇ ಗೊತ್ತಿಲ್ಲದ ಪಂಚನ ಮಾತಿಗೆ ಬೆಲೆಯಿಲ್ಲ, ಆ ಮಾತು ಹೋದರೆ ಒಪ್ಪಿಗೆಗೆ ಬೇರೆ ಆಧಾರವೂ ಇಲ್ಲ ಎಂದಿತಂತೆ ಹೈಕೋರ್ಟು. ನನ್ನ ಸುಳ್ಳು ಅವನನ್ನು ಒಳಗೆ ಹಾಕಿತ್ತು, ನನ್ನ ಜಂಭ ಹೊರಗೆ ತಂದಿತು. ಸತ್ಯಕ್ಕೆ ನಾನು ಎಲ್ಲಿಯೂ ಕೆಲಸ ಕೊಡಲಿಲ್ಲ.

ಕೆಲವು ತಿಂಗಳ ಮೇಲೆ ಒಂದು ಮಧ್ಯಾಹ್ನ ಅವನು ಹೋಟೆಲಿಗೆ ಬಂದ. ಕೂದಲು ನರೆತಿತ್ತು. ನನ್ನನ್ನು ಕಂಡ ಕೂಡಲೇ ಗುರುತಿಸಿದ. ಚಹಾ ತರಿಸಿ, ಗಲ್ಲೆಯ ಪಕ್ಕದ ಮೇಜಿನಲ್ಲಿ ಕೂತ. ಒಳಗೆ ಭಟ್ಟರು ಕಾಯಿ ಒಡೆಯುತ್ತಿದ್ದರು. ಊರಿನ ಅದೇ ಕಮ್ಮಾರನಿಂದ ತರಿಸಿದ ಹೊಸ ಕತ್ತಿ, ಹಿಡಿಗೆ ಅದೇ ಬಗೆಯ ಟ್ಯೂಬು. ಅವನು ಅದನ್ನು ಬಹಳ ಹೊತ್ತು ನೋಡಿದ.

"ಅದೂ ನಿಮ್ದಽ ಇತ್ತೇನ್ರಿ, ಮಾಲಕ್ರ?"

"ಹೌದು," ಎಂದೆ.

"ಕೋರ್ಟಿನ್ಯಾಗ ನೋಡಿದ ಕೂಡ್ಲೆ ಗುರ್ತ ಸಿಕ್ಕಿತ್ತೇನ್ರಿ?"

ಸುಳ್ಳು ನಾಲಗೆಯ ತುದಿಯಲ್ಲಿತ್ತು. ಭಟ್ಟರು ಕತ್ತಿ ಹಿಡಿದುಕೊಂಡೇ ಬಾಗಿಲಿಗೆ ಬಂದು ನಿಂತಿದ್ದರು.

"ಸಿಕ್ಕಿತ್ತು," ಎಂದೆ.

ಅವನು ಕೂಗಾಡಲಿಲ್ಲ. ಚಹಾದ ಗ್ಲಾಸನ್ನು ಮೆಲ್ಲಗೆ ಕೆಳಗಿಟ್ಟ.

"ನನಗ ಹೊಡದ್ರು, ಅದಕ್ಕ ಸುಳ್ಳ ಹೇಳ್ದೆ. ನಿಮಗ ಯಾರ್ ಹೊಡದಿದ್ರು ರೀ?"