ಬಿತ್ನೆ ಡಿಸ್ಕು

ಹುಣಸೂರಿನ ಬಸ್ ನಿಲ್ದಾಣದ ಹಿಂದೆ ಗೇಮ್ ಡಿಸ್ಕುಗಳ ನಕಲು ತೆಗೆದುಕೊಡುವವರೊಬ್ಬರಿದ್ದರು. ಹನಗೋಡಿನ ಕಡೆಯ ರೈತರ ಮನೆಯವರು. ಮೂಲ ಡಿಸ್ಕನ್ನು ಅವರು ‘ಬಿತ್ನೆ’ ಎನ್ನುತ್ತಿದ್ದರು. ಬಿತ್ತನೆಗೆ ಎತ್ತಿಟ್ಟ ರಾಗಿಯನ್ನು ಯಾರೂ ಉಣ್ಣುವುದಿಲ್ಲವಲ್ಲ, ಹಾಗೆ. ಡಿಸ್ಕಿನ ಅಂಚು ಹಿಡಿದು, ಬೆಳಕಿಗೆ ಓರೆ ಮಾಡಿ, “ನಿಮ್ದೇ ತಾನೆ ಸಾ?” ಎಂದು ಎಲ್ಲರನ್ನೂ ಕೇಳುತ್ತಿದ್ದರು. ಬೇರೆಯವರದಾದರೆ ಮುಟ್ಟುತ್ತಿರಲಿಲ್ಲ.

ನನ್ನದು ಕಾರ್ ರೇಸಿನ ಡಿಸ್ಕು. ಭಾನುವಾರ ಹೆಂಡತಿ ನನ್ನನ್ನು ಸೋಲಿಸುವುದು ಅದರಲ್ಲೇ. ಈಗ ಅದು ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ಒಂದು ಗೀರು ಬಿದ್ದರೆ ನಮ್ಮ ಭಾನುವಾರಗಳೇ ಹೋದವು ಎಂಬ ಚಿಂತೆಯಲ್ಲಿ ನಕಲು ತೆಗೆಸಿದ್ದೆ. ಮುಂದಿನ ಸಲ ಸಿಕ್ಕಾಗ, “ನಕಲು ಬೀರುವಿನಲ್ಲಿ ಭದ್ರವಾಗಿದೆ” ಎಂದು ಹೆಮ್ಮೆಯಿಂದ ಹೇಳಿದೆ.

“ಮತ್ತೆ ಆಡೋದು ಯಾವ್ದ್ರಲ್ಲಿ?”

“ಒರಿಜಿನಲ್‌ನಲ್ಲೇ.”

“ಬಿತ್ನೆ ಉಂಡ್ಕಂಡು, ಹಿಟ್ಟ ಬೀರುಲಿ ಮಡಗಿದ್ದೀರಲ್ಲ ಸಾ.”

ಗೀರು ಬಿದ್ದಿದೆಯೇನೋ ಎಂದು ಮರುದಿನವೇ ಒರಿಜಿನಲ್ ಹಿಡಿದು ಓಡಿದೆ. ಅವರು ಅದನ್ನು ಬೆಳಕಿಗೆ ತಿರುಗಿಸಿ ನೋಡಿ, ಒರೆಸಿ, ಡಬ್ಬಿಗೆ ಹಾಕಿ, ಬಿತ್ತನೆ ರಾಗಿಗೆ ಹಾಕುವಂತೆ ಒಂದು ಒಣ ಬೇವಿನೆಲೆ ಇಟ್ಟರು. ನಾನು ಗಾಬರಿಯಿಂದ ಕೇಳಿದೆ:

“ಡಿಸ್ಕಿಗೂ ಹುಳ ಬೀಳುತ್ತಾ?”

“ಡಿಸ್ಕಿಗಲ್ಲ ಕಣ್ ಸಾ, ನಿಮ್ ತಲೇಲಿರೋ ಹುಳಕ್ಕೆ.”